ಬಾಗಿಲು ತೆಗೆದವರು

"ಫೋಟೋ ಎಷ್ಟಾದ್ರೂ ತಗೊಳ್ಳಪ್ಪ. ಒಲೆ ಕಡೆ ಮಾತ್ರ ತಿರುಗಿಸಬೇಡ."

ಆ ಮನೆಗೆ ಹೋದ ಮೊದಲ ದಿನ ಅಜ್ಜಿ ಹೇಳಿದ ಮಾತು ಇದು. ನಾನು ಹೋಗಿದ್ದು ಅಜ್ಜನ ಫೋಟೋ ತೆಗೆಯಲು. ಅಜ್ಜ ಶಿಲ್ಪಿ. ಮಾಲೂರು ತಾಲ್ಲೂಕಿನ ಶಿವಾರಪಟ್ಟಣದಲ್ಲಿ ಕಲ್ಲು ಕೆತ್ತುವ ಮನೆಗಳು ಬೇಕಾದಷ್ಟಿವೆ. ಬೀದಿಗೆ ಕಾಲಿಟ್ಟರೆ ಸಾಕು, ಎರಡೂ ಕಡೆಯಿಂದ ಟಕಟಕ ಸದ್ದು. ಅರ್ಧ ಕೆತ್ತಿದ ಗಣಪತಿ, ಮುಖ ಇನ್ನೂ ಮೂಡದ ಆಂಜನೇಯ, ಬಿಸಿಲಿಗೆ ಬೆನ್ನು ಕೊಟ್ಟು ಕೂತ ನಂದಿ. ಅಷ್ಟು ಜನ ಶಿಲ್ಪಿಗಳ ನಡುವೆಯೂ ಈ ಅಜ್ಜನ ಹೆಸರು ದೊಡ್ಡದು. ಆಂಧ್ರ, ತಮಿಳುನಾಡಿನ ಗುಡಿಗಳಿಂದಲೂ ಹುಡುಕಿಕೊಂಡು ಬರುತ್ತಾರೆ. ಆ ಹೆಸರನ್ನು ನಾನು ಇಲ್ಲಿ ಬರೆಯುವುದಿಲ್ಲ. ಅಜ್ಜಿಗೆ ಹಾಗೆ ಮಾತು ಕೊಟ್ಟಿದ್ದೇನೆ. ಯಾಕೆ ಕೊಡಬೇಕಾಯಿತು ಅನ್ನುವುದನ್ನು ಮುಂದೆ ಹೇಳುತ್ತೇನೆ.

ಕೋಲಾರದಲ್ಲಿ ನಮ್ಮದೊಂದು ಫೋಟೋ ಸ್ಟುಡಿಯೋ ಇದೆ. ಅಪ್ಪ ಶುರು ಮಾಡಿದ್ದು. ಪಾಸ್‌ಪೋರ್ಟ್ ಸೈಜ್, ಮದುವೆ, ನಾಮಕರಣ, ಗೃಹಪ್ರವೇಶ. ಅನ್ನ ಕೊಟ್ಟ ಕೆಲಸ ಅದು, ಅದರ ಮೇಲೆ ನನಗೆ ಬೇಸರವಿಲ್ಲ. ಆದರೆ ಒಬ್ಬ ಕಲಾವಿದರ ಮನೆಯಲ್ಲಿ ಸುಮ್ನೆ ಮೂಲೆಯಲ್ಲಿ ಕೂತು, ಅವರು ಕೆಲಸ ಮಾಡುವುದನ್ನೂ ಉಣ್ಣುವುದನ್ನೂ ಮಲಗುವುದನ್ನೂ ತೆಗೆಯಬೇಕು ಅನ್ನುವ ಆಸೆ ಬಹಳ ವರ್ಷದಿಂದ ಇತ್ತು. ಆಸೆ ಹುಟ್ಟಿಸಿದ್ದು ಬೆಂಗಳೂರಿನ ಅವೆನ್ಯೂ ರಸ್ತೆಯ ಹಳೇ ಪುಸ್ತಕದ ರಾಶಿಯಲ್ಲಿ ಸಿಕ್ಕ ಒಂದು ಪುಸ್ತಕ. ರಟ್ಟು ಕಿತ್ತುಹೋಗಿತ್ತು. ಒಳಗೆಲ್ಲ ಚಿತ್ರಕಾರ ಪಿಕಾಸೋ ಅವರ ಫೋಟೋಗಳು.

ತೆಗೆದವರು ಡೇವಿಡ್ ಡಗ್ಲಸ್ ಡಂಕನ್. ಅಮೆರಿಕದವರು. ಅವರು ಯುದ್ಧದ ಫೋಟೋಗ್ರಾಫರ್. ಕೊರಿಯಾ ಯುದ್ಧದಲ್ಲಿ ಚಳಿಗೆ ಮರಗಟ್ಟಿದ ಸೈನಿಕರ ಮುಖಗಳನ್ನು ಲೈಫ್ ಪತ್ರಿಕೆಗೆ ತೆಗೆದು ಕಳಿಸಿದವರು. ಆ ಯುದ್ಧದ ಹೊತ್ತಲ್ಲೇ ಟೋಕಿಯೋದಲ್ಲಿ ಈಗ ನಿಕಾನ್ ಅನ್ನುವ ಕಂಪನಿಯ ನಿಕ್ಕೋರ್ ಲೆನ್ಸ್ ನೋಡಿ ಮೆಚ್ಚಿ, ಅದನ್ನು ತಮ್ಮ ಲೈಕಾ ಕ್ಯಾಮೆರಾಗೆ ಹಾಕಿಕೊಂಡರು. ಜಪಾನಿನ ಆ ಲೆನ್ಸುಗಳಿಗೆ ಹೊರಗಿನ ಲೋಕದಲ್ಲಿ ಹೆಸರು ಬಂದಿದ್ದು ಅಲ್ಲಿಂದ. ನಮ್ಮಪ್ಪ ಜೀವ ಇಟ್ಟುಕೊಂಡಿದ್ದ ನಿಕಾನ್ ಎಫ್‌ಎಂ2 ಕ್ಯಾಮೆರಾ ಈಗಲೂ ನನ್ನ ಬೀರುವಿನಲ್ಲಿದೆ. ಇದನ್ನು ಓದಿದ ದಿನ ಅದನ್ನು ಹೊರಗೆ ತೆಗೆದು ಒರೆಸಿ ಇಟ್ಟೆ.

1956ರ ಫೆಬ್ರವರಿ. ಫ್ರಾನ್ಸಿನ ಕಾನ್ ಊರಿನ ಗುಡ್ಡದ ಮೇಲೆ ಲಾ ಕ್ಯಾಲಿಫೋರ್ನಿ ಅನ್ನುವ ದೊಡ್ಡ ಮನೆ. ಡಂಕನ್ ಅಲ್ಲಿಗೆ ಹೋದರು. ಪಿಕಾಸೋಗೆ ಕೊಡಲು ಒಂದು ಉಂಗುರ ತಂದಿದ್ದರು. ಬಾಗಿಲು ತೆಗೆದವರು ಪಿಕಾಸೋ ಜೊತೆ ಬಾಳುತ್ತಿದ್ದ ಜಾಕ್ಲೀನ್ ರೋಕ್. ಅವರು ಡಂಕನ್‌ರನ್ನು ನೇರವಾಗಿ ಮಹಡಿಗೆ ಕರೆದುಕೊಂಡು ಹೋದರು. ಪಿಕಾಸೋ ಬಚ್ಚಲಲ್ಲಿ ತೊಟ್ಟಿಯ ನೀರಿನಲ್ಲಿ ಕೂತಿದ್ದರು. 74 ವರ್ಷದ ಮುದುಕ, ಮೈಗೆ ಸೋಪು, ಮುಖದಲ್ಲಿ ನಗು. ಡಂಕನ್ ತೆಗೆದ ಮೊದಲ ಪಿಕಾಸೋ ಚಿತ್ರ ಅದೇ. ಅಲ್ಲಿಂದ 1973ರಲ್ಲಿ ಪಿಕಾಸೋ ತೀರಿಕೊಳ್ಳುವವರೆಗೆ 17 ವರ್ಷ ಆ ಮನೆಗಳಿಗೆ ಹೋಗಿಬಂದರು. ಸಾವಿರಾರು ಚಿತ್ರ ತೆಗೆದರು.

ಈ ಬಚ್ಚಲಿನ ಕಥೆ ಫೋಟೋ ತೆಗೆಯುವವರ ನಡುವೆ ಬಹಳ ಪ್ರಸಿದ್ಧ. ಎಲ್ಲರೂ ಡಂಕನ್ ಧೈರ್ಯ, ಪಿಕಾಸೋ ಸಲಿಗೆ ಅಂತಲೇ ಹೇಳುತ್ತಾರೆ. ನಾನೂ ಹಾಗೇ ಹೇಳುತ್ತಿದ್ದೆ. ಅಪ್ಪನ ಸ್ಟುಡಿಯೋಗೆ ಬರುತ್ತಿದ್ದ ಹುಡುಗರಿಗೆ ಎಷ್ಟು ಸಲ ಹೇಳಿದ್ದೇನೋ. ಬಾಗಿಲು ತೆಗೆದವರ ಬಗ್ಗೆ ಯೋಚನೆ ಮಾಡಿದ್ದು ಶಿವಾರಪಟ್ಟಣದ ಅಜ್ಜಿಯನ್ನು ನೋಡಿದ ಮೇಲೆ.

ಆ ಪುಸ್ತಕದಲ್ಲಿ ನನಗೆ ಇಷ್ಟದ ಒಂದು ಸಾಲು ಚಿತ್ರಗಳಿವೆ. ಪಿಕಾಸೋ ಊಟಕ್ಕೆ ಕೂತಿದ್ದಾರೆ. ಮೀನು ತಿನ್ನುತ್ತಿದ್ದಾರೆ. ಎರಡೂ ಕೈಯಲ್ಲಿ ಮುಳ್ಳಿನ ಹಂದರ ಹಿಡಿದು, ಬಾಚಣಿಗೆ ಥರ ಒಂದೊಂದೇ ಮುಳ್ಳನ್ನು ಚೀಪಿ ಸ್ವಚ್ಛ ಮಾಡುತ್ತಾರೆ. ಊಟ ಮುಗಿಯಿತು. ಆ ಮುಳ್ಳನ್ನು ಎಸೆಯಲಿಲ್ಲ. ಹಸಿ ಜೇಡಿಮಣ್ಣಿನ ಮೇಲೆ ಒತ್ತಿದರು. ಅಚ್ಚು ಮೂಡಿತು. ಅದು ತಟ್ಟೆಯ ಮೇಲಿನ ಚಿತ್ತಾರವಾಯಿತು. ಊಟ ಎಲ್ಲಿ ಮುಗಿಯಿತು, ಕೆಲಸ ಎಲ್ಲಿ ಶುರುವಾಯಿತು ಅಂತ ಯಾರೂ ಗೆರೆ ಎಳೆಯಲು ಆಗಲ್ಲ. ಕಲಾವಿದರ ಖಾಸಗಿ ಬದುಕನ್ನು ಯಾಕೆ ತೆಗೆಯಬೇಕು ಅಂತ ಯಾರಾದರೂ ಕೇಳಿದರೆ ನಾನು ಈ ಮೀನಿನ ಮುಳ್ಳನ್ನೇ ತೋರಿಸುತ್ತೇನೆ. ಬರೀ ತಟ್ಟೆ ನೋಡಿದರೆ ಆ ಮಧ್ಯಾಹ್ನ ಗೊತ್ತಾಗಲ್ಲ ಅಲ್ವಾ?

ಇನ್ನೊಂದು, ನಾಯಿಯ ಕಥೆ. ಡಂಕನ್ ಹತ್ತಿರ ಲುಂಪ್ ಅಂತ ಒಂದು ಗಿಡ್ಡ ಕಾಲಿನ ಡ್ಯಾಶ್‌ಹೌಂಡ್ ಇತ್ತು. 1957ರ ಏಪ್ರಿಲ್‌ನಲ್ಲಿ ಅದನ್ನೂ ಕಾರಿನಲ್ಲಿ ಕೂರಿಸಿಕೊಂಡು ಹೋದರು. ನಾಯಿಗೆ ಆ ಮನೆ ಹಿಡಿಸಿತು. ಆ ಸಲ ವಾಪಸ್ ಬರಲಿಲ್ಲ, ಸುಮಾರು ಆರು ವರ್ಷ ಅಲ್ಲೇ ಉಳಿದುಬಿಟ್ಟಿತು. ಪಿಕಾಸೋ ಅದೇ ವರ್ಷ ಸ್ಪೇನಿನ ಹಳೇ ಕಾಲದ ಚಿತ್ರಕಾರ ವೆಲಾಸ್ಕೆಸ್‌ನ ಲಾಸ್ ಮೆನಿನಾಸ್ ಚಿತ್ರವನ್ನು ಮತ್ತೆ ಮತ್ತೆ ತಮ್ಮ ರೀತಿಯಲ್ಲಿ ಬರೆದರು. ಆ ಸರಣಿಯಲ್ಲಿ 58 ಕ್ಯಾನ್ವಾಸ್ ಇವೆ, ಈಗ ಬಾರ್ಸಿಲೋನಾದ ಮ್ಯೂಸಿಯಂನಲ್ಲಿವೆ. ವೆಲಾಸ್ಕೆಸ್ ಬರೆದ ದೊಡ್ಡ ನಾಯಿಯ ಜಾಗದಲ್ಲಿ ಲುಂಪ್ ಬಂದು ಕೂತಿದೆ. ಫೋಟೋಗ್ರಾಫರ್ ಜೊತೆ ಮನೆಗೆ ಬಂದ ನಾಯಿ ಚಿತ್ರದೊಳಗೆ ಸೇರಿಕೊಂಡಿತು. 1973ರಲ್ಲಿ ಲುಂಪ್ ಸತ್ತಿತು. ಅದಾಗಿ 10 ದಿನಕ್ಕೆ ಪಿಕಾಸೋ ಹೋದರು.

ಇದನ್ನೆಲ್ಲ ತಲೆಯಲ್ಲಿ ತುಂಬಿಕೊಂಡು ನಾನು ಶಿವಾರಪಟ್ಟಣಕ್ಕೆ ಹೋದೆ. ವಾರಕ್ಕೊಂದು ದಿನ, ಹೆಚ್ಚಾಗಿ ಮಂಗಳವಾರ. ಮಂಗಳವಾರ ಮದುವೆ ಕಡಿಮೆ. ನೀಲಗಿರಿ ತೋಪು, ಟೊಮೇಟೊ ಹೊಲ ದಾಟಿಕೊಂಡು ಬೈಕಿನಲ್ಲಿ ಹೋಗುತ್ತಿದ್ದೆ. ಮೊದಲ ಎರಡು ತಿಂಗಳು ಕ್ಯಾಮೆರಾ ಬ್ಯಾಗಿನಿಂದ ಆಚೆ ಬಂದಿದ್ದೇ ಕಡಿಮೆ. ಅಜ್ಜ ಕಲ್ಲು ತಟ್ಟಿ ಸದ್ದು ಕೇಳುವುದನ್ನು ನೋಡಿಕೊಂಡು ಕೂರುತ್ತಿದ್ದೆ. ಒಳ್ಳೆ ಕಲ್ಲು ಗಂಟೆ ಥರ ನುಡಿಯುತ್ತದೆ. ಒಳಗೆ ಬಿರುಕಿದ್ದರೆ ಮಂಕು ಸದ್ದು. ಸದ್ದಿನ ಮೇಲೆ ಕಲ್ಲಿನಲ್ಲಿ ಗಂಡು, ಹೆಣ್ಣು, ನಪುಂಸಕ ಅಂತ ಮೂರು ಬಗೆ ಮಾಡುತ್ತಾರೆ. ಗಂಡು ಕಲ್ಲಿನಲ್ಲಿ ದೇವರು, ಹೆಣ್ಣು ಕಲ್ಲಿನಲ್ಲಿ ದೇವಿ. ಆಮೇಲೆ ಅಳತೆ. ಎಲ್ಲಕ್ಕೂ ಮುಖವೇ ಲೆಕ್ಕ. ಮೂರ್ತಿಯ ಮುಖ ಎಷ್ಟುದ್ದವೋ ಅದು ಒಂದು ತಾಳ, ಅದರ ಮೇಲೆ ಉಳಿದ ಮೈ. ಕಲ್ಲಿನ ಮೇಲೆ ಗೆರೆ ಎಳೆಯುವಾಗ ಅಜ್ಜ ಉಸಿರು ಹಿಡಿಯುತ್ತಿದ್ದರು. ಅದು ನನಗೆ ಮೂರನೇ ತಿಂಗಳಲ್ಲಿ ಗೊತ್ತಾಯಿತು. ಮೊದಲ ವಾರವೇ ಕ್ಲಿಕ್ ಮಾಡಲು ಶುರು ಮಾಡಿದ್ದರೆ ಗೊತ್ತೇ ಆಗುತ್ತಿರಲಿಲ್ಲ.

ಫ್ಲಾಶ್ ಹಾಕಲಿಲ್ಲ. ಇದನ್ನು ನಾನು ಕಲಿತದ್ದು ಕಲ್ಕತ್ತೆಯ ನಿಮಾಯ್ ಘೋಷ್ ಅವರಿಂದ. ಸತ್ಯಜಿತ್ ರೇ ಜೊತೆ ಸುಮಾರು 25 ವರ್ಷ ಕ್ಯಾಮೆರಾ ಹಿಡಿದು ಓಡಾಡಿದವರು ಅವರು. ಮೊದಲು ನಾಟಕದ ನಟರಾಗಿದ್ದರು. ಇರುವ ಬೆಳಕಿನಲ್ಲೇ ತೆಗೆಯುತ್ತಿದ್ದರು. ರೇ ಕುರ್ಚಿಯಲ್ಲಿ ಕಾಲು ಮಡಚಿ ಕೂತು ಬರೆಯುವುದು, ಪಿಯಾನೋ ಮುಂದೆ ಕೂರುವುದು, ಸೆಟ್ಟಿನಲ್ಲಿ ಕ್ಯಾಮೆರಾ ಹಿಂದೆ ಬಗ್ಗಿ ನಿಲ್ಲುವುದು, ಎಲ್ಲವೂ ಕಿಟಕಿಯ ಬೆಳಕು, ದೀಪದ ಬೆಳಕು. ಫ್ಲಾಶ್ ಹೊಡೆದರೆ ಮನೆಯವರೆಲ್ಲ ತಲೆ ಎತ್ತಿ ನೋಡುತ್ತಾರೆ. ಮತ್ತೆ ಅವರು ಕೆಲಸದೊಳಗೆ ಹೋಗಲು ಅರ್ಧ ಗಂಟೆ ಬೇಕು. ಅಜ್ಜನ ಕೊಟ್ಟಿಗೆಯಲ್ಲಿ ಬೆಳಿಗ್ಗೆ 9ರಿಂದ 10ರವರೆಗೆ ಸೋರೆ ಬಳ್ಳಿಯ ಚಪ್ಪರದ ಸಂದಿಯಿಂದ ಬಿಸಿಲು ಬರುತ್ತಿತ್ತು. ಕಲ್ಲಿನ ಪುಡಿ ಗಾಳಿಯಲ್ಲಿ ನಿಂತಿರುತ್ತಿತ್ತು. ಆ ಒಂದು ಗಂಟೆಗೆ ನಾನು ಇಡೀ ವಾರ ಕಾಯುತ್ತಿದ್ದೆ. (ಆ ಪುಡಿ ಸೆನ್ಸರ್ ಮೇಲೆ ಕೂತು ಎಷ್ಟು ಚಿತ್ರ ಕೆಡಿಸಿತು ಅಂತ ಕೇಳಬೇಡಿ. ಕಲ್ಲಿನ ಕೆಲಸ ತೆಗೆಯುವವರು ದಯವಿಟ್ಟು ಅಲ್ಲಿ ಲೆನ್ಸ್ ಬದಲಾಯಿಸಬೇಡಿ.)

ಅಜ್ಜ ನನ್ನನ್ನು ಮರೆತುಬಿಟ್ಟರು. ಅಜ್ಜಿ ಮರೆಯಲಿಲ್ಲ. ಅವರಿಗೆ ನಾನು ಯಾವಾಗಲೂ ಊಟ ಹಾಕಬೇಕಾದ ಒಬ್ಬ ಮನುಷ್ಯ. ದನದ ಜೊತೆ ತೆಲುಗಿನಲ್ಲಿ, ನನ್ನ ಜೊತೆ ಕನ್ನಡದಲ್ಲಿ ಮಾತಾಡುತ್ತಿದ್ದರು. ಮುದ್ದೆ, ಬಸ್ಸಾರು ಬಡಿಸುತ್ತಿದ್ದರು. ನಾನು ಅವರ ಒಲೆ ಕಡೆ ಕ್ಯಾಮೆರಾ ತಿರುಗಿಸಲಿಲ್ಲ. ಮಾತು ಉಳಿಸಿಕೊಂಡಿದ್ದೇನೆ ಅಂದುಕೊಂಡಿದ್ದೆ.

ತಪ್ಪು ಮಾಡಿದ್ದು ಆರನೇ ತಿಂಗಳಲ್ಲಿ. ಒಂದು ಮಧ್ಯಾಹ್ನ ಅಜ್ಜ ಊಟ ಮಾಡಿ, ಕೆತ್ತುತ್ತಿದ್ದ ಮೂರ್ತಿಯ ಪಕ್ಕದಲ್ಲೇ ಗೋಣಿಚೀಲದ ಮೇಲೆ ಮಲಗಿದ್ದರು. ಬರಿ ಮೈ. ಎದೆಯ ಮೇಲೆ ಕಲ್ಲಿನ ಪುಡಿ ವಿಭೂತಿ ಥರ. ಬಾಯಿ ಸ್ವಲ್ಪ ತೆರೆದಿತ್ತು. ಹಿಂದುಗಡೆ, ಚಿತ್ರದ ಅಂಚಿನಲ್ಲಿ, ಅಜ್ಜಿ ಮೂರ್ತಿಯ ಪಾದ ಉಜ್ಜುತ್ತಾ ಕೂತಿದ್ದರು. ಕೈಯಲ್ಲಿ ಉಪ್ಪುಕಾಗದ, ಪಕ್ಕದಲ್ಲಿ ನೀರಿನ ತಂಬಿಗೆ. ಕೂದಲು ಬಿಚ್ಚಿತ್ತು. ಕೆತ್ತನೆ ಮುಗಿದ ಕಲ್ಲಿಗೆ ನುಣುಪು ಕೊಡುವುದು ಆ ಮನೆಯಲ್ಲಿ 40 ವರ್ಷದಿಂದ ಅಜ್ಜಿಯ ಕೆಲಸ. ನನಗೆ ಆ ಚಿತ್ರ ಬಹಳ ಇಷ್ಟವಾಯಿತು. ಆವತ್ತು ರಾತ್ರಿಯೇ ಅಜ್ಜನ ಹೆಸರು, ಊರು ಹಾಕಿ ಫೇಸ್‌ಬುಕ್‌ಗೆ ಏರಿಸಿದೆ. ಅಜ್ಜನನ್ನು ಕೇಳಿದ್ದೆ. "ಹಾಕ್ಕೋ" ಅಂದಿದ್ದರು.

ಜನ ಹಂಚಿಕೊಂಡರು. ಯಾರೋ ಅದನ್ನು ಎತ್ತಿಕೊಂಡು, ದೇವರನ್ನು ಕೆತ್ತುವವನ ಬಡತನ ನೋಡಿ ಅಂತ ಬರೆದು ಹಾಕಿದರು. ಬಡತನವಂತೆ! ಸ್ವಂತ ಮನೆ, ಹೊಲ, ಓದಿದ ಮಕ್ಕಳು ಇರುವ ಸಂಸಾರ ಅದು. ಬೇಸಿಗೆಯಲ್ಲಿ ಅಂಗಿ ಬಿಚ್ಚಿ ಮಲಗಿದ್ದು ಬಡತನವಾಯಿತು. ಮಗಳ ಗಂಡನ ಮನೆಯಿಂದ ಫೋನ್ ಬಂತು. ಅದನ್ನಾದರೂ ತಡೆದುಕೊಳ್ಳಬಹುದಿತ್ತು. ಮೂರ್ತಿಗೆ ಹೇಳಿದ್ದ ಗುಡಿಯ ಕಡೆಯವರು ಬಂದು, ದೇವರ ಕೆಲಸಕ್ಕೆ ಹೆಂಗಸರು ಕೈ ಹಾಕ್ತಾರಾ ಅಂತ ಅಂಗಳದಲ್ಲಿ ನಿಂತು ಕೇಳಿದರು. ಅಜ್ಜಿಯ ಮುಂದೆಯೇ. ಅಜ್ಜ ಏನೋ ಸಮಾಧಾನ ಹೇಳಿ ಕಳಿಸಿದರಂತೆ. ಅಜ್ಜಿ ಎದ್ದು ಒಳಗೆ ಹೋದರಂತೆ. ಆವತ್ತಿನಿಂದ 15 ದಿನ ಅವರು ಉಪ್ಪುಕಾಗದ ಮುಟ್ಟಲಿಲ್ಲ.

ನನಗೆ ಗೊತ್ತಾಗಿದ್ದು ಮುಂದಿನ ಮಂಗಳವಾರ. ಚಿತ್ರ ತೆಗೆದುಹಾಕಿದೆ. ಆದರೆ ಹರಡಿದ್ದು ಹರಡಿತ್ತು. ಅಜ್ಜಿ ಬೈಯಲಿಲ್ಲ. "ಅವರನ್ನ ಕೇಳಿದೆ. ನನ್ನ ಕೇಳಿದ್ಯಾ?" ಅಂದರು, ಅಷ್ಟೇ. ಊಟ ಹಾಕಿದರು. ಮುದ್ದೆ ಗಂಟಲಲ್ಲಿ ಇಳಿಯಲಿಲ್ಲ.

ಆ ಮೇಲೆ ನಾನು ಪಿಕಾಸೋ ಪುಸ್ತಕವನ್ನು ಮತ್ತೆ ತೆಗೆದು ನೋಡಿದೆ. ಈ ಸಲ ಪಿಕಾಸೋ ಅವರನ್ನು ಬಿಟ್ಟು, ಸುತ್ತಲಿನವರನ್ನು ನೋಡಿದೆ. ಜಾಕ್ಲೀನ್ ಎಷ್ಟು ಚಿತ್ರಗಳಲ್ಲಿ ಇದ್ದಾರೆ! ಬಾಗಿಲಲ್ಲಿ, ಕುರ್ಚಿಯಲ್ಲಿ, ಕಿಟಕಿಯ ಹತ್ತಿರ ಕೆಲಸ ನೋಡುತ್ತಾ. ರಜೆಗೆ ಬಂದ ಮಕ್ಕಳು ಕ್ಲೋಡ್, ಪಲೋಮಾ ಅಪ್ಪನ ಜೊತೆ ಆಡುತ್ತಿದ್ದಾರೆ. ಪಿಕಾಸೋಗೆ ಕ್ಯಾಮೆರಾ ಅಂದರೆ ಖುಷಿ. ಟೋಪಿ ಹಾಕಿಕೊಂಡು, ಮುಖವಾಡ ಹಾಕಿಕೊಂಡು ಕುಣಿಯುತ್ತಿದ್ದರು. ತಮ್ಮ ಬದುಕನ್ನು ತೋರಿಸುವುದು ಅವರಿಗೆ ಗೊತ್ತಿದ್ದ ಕಲೆ. ಮಕ್ಕಳಿಗೆ ಏನು ಗೊತ್ತು? 1964ರಲ್ಲಿ ಆ ಮಕ್ಕಳ ತಾಯಿ ಫ್ರಾಂಸ್ವಾಸ್ ಜಿಲೋ ಪಿಕಾಸೋ ಜೊತೆಗಿನ ತಮ್ಮ ಬದುಕಿನ ಬಗ್ಗೆ ಪುಸ್ತಕ ಬರೆದರು. ಪಿಕಾಸೋ ಸಿಟ್ಟಾದರು. ಮಕ್ಕಳನ್ನು ದೂರ ಮಾಡಿದರು. 1973ರಲ್ಲಿ ಅಪ್ಪ ಸತ್ತಾಗ ಕ್ಲೋಡ್, ಪಲೋಮಾ ಅಂತ್ಯಕ್ರಿಯೆಗೆ ಬರದಂತೆ ತಡೆದವರು ಜಾಕ್ಲೀನ್. ಡಂಕನ್‌ಗೆ ಬಾಗಿಲು ತೆಗೆದದ್ದೂ ಅದೇ ಕೈ. 1986ರಲ್ಲಿ ಜಾಕ್ಲೀನ್ ತಮ್ಮನ್ನು ತಾವೇ ಗುಂಡು ಹೊಡೆದುಕೊಂಡರು. ಅವರು ಸೋಫಾದಲ್ಲಿ ಕೂತು ನಗುತ್ತಿರುವ ಚಿತ್ರವನ್ನು ಈಗ ನೋಡಿದರೆ ನನ್ನ ಕೈ ಪುಟ ತಿರುಗಿಸಲು ಹಿಂಜರಿಯುತ್ತದೆ. ಡಂಕನ್ ತಪ್ಪು ಮಾಡಿದರು ಅಂತ ನಾನು ಹೇಳುತ್ತಿಲ್ಲ. ಅಷ್ಟು ಪ್ರೀತಿಯಿಂದ, ಅಷ್ಟು ವರ್ಷ ಒಂದು ಮನೆಗೆ ಹೋದವರು ಅವರು. ಆದರೆ ಆ ಮನೆಯನ್ನು ಪಿಕಾಸೋ ಮನೆ ಅಂತ ಮಾತ್ರ ನೋಡುವುದು ಇನ್ನು ನನ್ನಿಂದ ಆಗಲ್ಲ.

ಅಮೆರಿಕದ ಚಿತ್ರಕಾರ ಜಾಕ್ಸನ್ ಪೊಲಾಕ್ ಕಥೆ ಇನ್ನೂ ಕಷ್ಟದ್ದು. 1950ರ ಬೇಸಿಗೆಯಲ್ಲಿ ಹಾನ್ಸ್ ನಾಮುತ್ ಅನ್ನುವ ಫೋಟೋಗ್ರಾಫರ್ ನ್ಯೂಯಾರ್ಕ್ ಹತ್ತಿರದ ಲಾಂಗ್ ಐಲೆಂಡ್‌ನಲ್ಲಿ ಪೊಲಾಕ್ ಕೆಲಸ ಮಾಡುವುದನ್ನು ತೆಗೆದರು. ನೆಲದ ಮೇಲೆ ಕ್ಯಾನ್ವಾಸ್ ಹಾಸಿ, ಬಣ್ಣ ಚೆಲ್ಲುತ್ತಾ ಸುತ್ತ ನಡೆಯುವ ಮನುಷ್ಯ. ಪೊಲಾಕ್ ಅಂದರೆ ಇವತ್ತು ನಮ್ಮ ಕಣ್ಣಿಗೆ ಬರುವುದು ನಾಮುತ್ ತೆಗೆದ ಆ ಚಿತ್ರಗಳೇ. ಕೆಲವು ಚಿತ್ರಗಳಲ್ಲಿ ಹಿಂದೆ ಸ್ಟೂಲಿನ ಮೇಲೆ ಒಬ್ಬ ಹೆಂಗಸು ಕೂತಿದ್ದಾರೆ. ಹೆಂಡತಿ ಲೀ ಕ್ರಾಸ್ನರ್. ಅವರೂ ದೊಡ್ಡ ಚಿತ್ರಕಾರ್ತಿ. ಎಷ್ಟೋ ವರ್ಷ ಆ ಚಿತ್ರಗಳನ್ನು ನೋಡಿದ ಜನರಿಗೆ ಅವರು ಹಿಂದೆ ಕೂತ ಹೆಂಡತಿ ಅಷ್ಟೇ.

ಫೋಟೋ ಸಾಲದೆ ನಾಮುತ್ ಸಿನಿಮಾ ತೆಗೆದರು. ಬಯಲಿನಲ್ಲಿ ಗಾಜಿನ ಹಾಳೆಯ ಮೇಲೆ ಪೊಲಾಕ್ ಬಣ್ಣ ಹಾಕಬೇಕು, ಕೆಳಗಿನಿಂದ ಕ್ಯಾಮೆರಾ. ನಿಲ್ಲಿ ಅಂದಾಗ ನಿಲ್ಲಬೇಕು, ಶುರು ಮಾಡಿ ಅಂದಾಗ ಶುರು ಮಾಡಬೇಕು. ನವೆಂಬರ್ ಚಳಿ. ಎರಡು ವರ್ಷದಿಂದ ಕುಡಿತ ಬಿಟ್ಟಿದ್ದ ಪೊಲಾಕ್ ಚಿತ್ರೀಕರಣ ಮುಗಿದ ದಿನವೇ ಒಳಗೆ ಬಂದು ಬಾಟಲಿ ತೆಗೆದರು. ಆ ರಾತ್ರಿ ಅತಿಥಿಗಳ ಮುಂದೆ ಊಟದ ಮೇಜನ್ನೇ ಮಗುಚಿ ಹಾಕಿದರು. ಲೀ ಸಿದ್ಧ ಮಾಡಿದ್ದ ಊಟ ಅದು. ಆರು ವರ್ಷಕ್ಕೆ, 44ನೇ ವಯಸ್ಸಿನಲ್ಲಿ, ಕುಡಿದು ಕಾರು ಓಡಿಸಿ ಸತ್ತರು. ಎಲ್ಲಕ್ಕೂ ಕ್ಯಾಮೆರಾ ಕಾರಣ ಅಂತ ಹೇಳಲು ಆಗಲ್ಲ, ಅದು ಅನ್ಯಾಯ. ಆದರೆ ಕೆಲಸ ಮಾಡುವವನ ಕೈಗೆ ನಿಲ್ಲು, ನಡಿ ಅಂತ ಹೇಳುವ ಹಕ್ಕು ನಮಗಿಲ್ಲ. ಮದುವೆಮನೆಯಲ್ಲಿ ದಿನವೂ ಹೇಳುವವನು ನಾನು. "ತಾಳಿ ಹಾಗೇ ಹಿಡ್ಕೊಳಿ ಸರ್, ಇನ್ನೊಂದು." ಆ ಚಾಳಿ ಅಜ್ಜನ ಕೊಟ್ಟಿಗೆಗೂ ಬಂದಿತ್ತು. ಒಂದೆರಡು ಸಲ "ಅಜ್ಜ, ಉಳಿ ಸ್ವಲ್ಪ ಮೇಲೆ" ಅಂದಿದ್ದೇನೆ. ಈಗ ಅನ್ನಲ್ಲ.

ಅಜ್ಜಿ ಮತ್ತೆ ಕೆಲಸಕ್ಕೆ ಕೂತರು. ಯಾರೂ ಹೇಳಲಿಲ್ಲ, ತಾವೇ ಕೂತರು. "ಅವರಿಗೆ ಮೊಣಕಾಲು ನೋವು, ಪಾದದ ಹತ್ರ ಬಗ್ಗಕ್ಕಾಗಲ್ಲ, ಇನ್ಯಾರು ಮಾಡ್ತಾರೆ?" ಅಂದರು. ಅವರ ಅಂಗೈ ನೋಡಿದೆ. ಬೆರಳ ತುದಿಯಲ್ಲಿ ರೇಖೆ ಸವೆದುಹೋಗಿದೆ. ರೇಷನ್ ಅಂಗಡಿಯಲ್ಲಿ ಬೆರಳಚ್ಚು ಯಂತ್ರ ಅವರ ಬೆರಳನ್ನು ಹಿಡಿಯಲ್ಲವಂತೆ, ಎರಡು ಮೂರು ಸಲ ಒರೆಸಿ ಒರೆಸಿ ಇಡಬೇಕಂತೆ. ಅಷ್ಟು ವರ್ಷದ ದೇವರ ಪಾದಗಳ ನುಣುಪು ಆ ಬೆರಳಿಂದ ಬಂದದ್ದು. ನಾನು ಅಜ್ಜನ ಕೈಯನ್ನು ನೂರಾರು ಸಲ ತೆಗೆದಿದ್ದೆ. ಈ ಕೈಯನ್ನು ಒಂದು ಸಲವೂ ನೋಡಿರಲಿಲ್ಲ.

"ಇದನ್ನ ಬರೀಲಾ ಅಜ್ಜಿ?" ಅಂತ ಕೇಳಿದೆ. ಬಹಳ ಹೊತ್ತು ಉಜ್ಜುತ್ತಲೇ ಇದ್ದರು. "ಬರಿ. ಹೆಸರು ಹಾಕ್ಬೇಡ" ಅಂದರು.

ಆಮೇಲೆ ಅವರೇ ಒಂದು ಫೋಟೋ ಕೇಳಿದರು. ನಾನು ತೆಗೆಯುತ್ತಿದ್ದ ಥರದ್ದಲ್ಲ. ಇಬ್ಬರೂ ಕುರ್ಚಿಯಲ್ಲಿ ಕೂತು, ಅಜ್ಜ ಇಸ್ತ್ರಿ ಮಾಡಿದ ಬಿಳಿ ಅಂಗಿ, ಅಜ್ಜಿ ರೇಷ್ಮೆ ಸೀರೆ, ನೇರವಾಗಿ ಕ್ಯಾಮೆರಾ ನೋಡುತ್ತಾ, ಹಿಂದೆ ಪರದೆ. ಅಪ್ಪ ತೆಗೆಯುತ್ತಿದ್ದ ಥರ. ಸ್ಟುಡಿಯೋದಿಂದ ನೀಲಿ ಪರದೆ ಹೊತ್ತುಕೊಂಡು ಹೋದೆ. ಅಪ್ಪನ ಎಫ್‌ಎಂ2ಗೆ ರೋಲ್ ಹಾಕಿ ತೆಗೆದೆ. ಹನ್ನೊಂದು ತಿಂಗಳಲ್ಲಿ ಅವರ ಗೋಡೆಗೆ ಏರಿದ ನನ್ನ ಚಿತ್ರ ಅದೊಂದೇ. ಬಂದವರಿಗೆಲ್ಲ ತೋರಿಸುತ್ತಾರೆ. ಮೊದಲು ಸ್ವಲ್ಪ ನಿರಾಸೆಯಾಗಿತ್ತು. ಈಗ ನೋಡಿದಾಗಲೆಲ್ಲ ಅದು ಒಳ್ಳೆ ಚಿತ್ರ ಅನ್ನಿಸುತ್ತದೆ. ಅವರು ಹೇಗೆ ಕಾಣಬೇಕು ಅಂದುಕೊಂಡಿದ್ದರೋ ಹಾಗೆ ಕಾಣುತ್ತಾರೆ.

ಮೂರ್ತಿ ಮುಗಿಯುತ್ತಾ ಬಂತು. ಕೊನೆಗೆ ಉಳಿಯುವುದು ಕಣ್ಣು. ಕಣ್ಣು ತೆಗೆಯುವುದು ಅನ್ನುತ್ತಾರೆ. ಅದಕ್ಕೆ ಮುಹೂರ್ತ ನೋಡುತ್ತಾರೆ. ಶಿಲ್ಪಿ ಸ್ನಾನ ಮಾಡಿ, ಮಡಿ ಉಟ್ಟು, ಪರದೆಯ ಹಿಂದೆ ಒಬ್ಬರೇ ಮಾಡುವ ಕೆಲಸ. ಆಗಷ್ಟೇ ತೆರೆದ ನೋಟದ ಮುಂದೆ ಯಾರೂ ನಿಲ್ಲಬಾರದು. ಮೊದಲ ನೋಟ ಕನ್ನಡಿಯ ಮೇಲೆ ಬೀಳಬೇಕು, ಆಮೇಲೆ ಹಸು, ಕರುವಿನ ಮೇಲೆ. ಇಡೀ ಹನ್ನೊಂದು ತಿಂಗಳು ನಾನು ಕಾದಿದ್ದೇ ಈ ಚಿತ್ರಕ್ಕೆ ಅಂತ ಒಪ್ಪಿಕೊಳ್ಳಬೇಕು. ಕೇಳಿದರೆ ಅಜ್ಜ ಹೂಂ ಅಂತಿದ್ದರೇನೋ. ಕೇಳಲಿಲ್ಲ.

ಬೆಳಿಗ್ಗೆ ಐದಕ್ಕೇ ಹೋಗಿದ್ದೆ. ಕ್ಯಾಮೆರಾ ಬ್ಯಾಗು ಜಗಲಿಯ ಮೇಲಿತ್ತು. ಅಜ್ಜಿ ಹಸುವನ್ನು ಕೊಟ್ಟಿಗೆಯ ಬಾಗಿಲ ಪಕ್ಕಕ್ಕೆ ತಂದು ಕಟ್ಟಿದರು. ಕರು ನಿಲ್ಲುತ್ತಿರಲಿಲ್ಲ. ತಾಯಿ ಕಡೆಗೆ ನುಗ್ಗುತ್ತಿತ್ತು. ಅಜ್ಜಿ ಕೈಯಲ್ಲಿ ಕನ್ನಡಿ ಇತ್ತು, ಅರಿಶಿನ ಕುಂಕುಮದ ತಟ್ಟೆ ಇತ್ತು. ಸುತ್ತ ನೋಡಿದರು. ಹಗ್ಗವನ್ನು ನನ್ನ ಕೈಗೆ ಕೊಟ್ಟು ಒಳಗೆ ಹೋದರು.

ಎರಡೂ ಕೈಯಲ್ಲಿ ಹಿಡಿದುಕೊಂಡೆ. ಕರು ಜೋರಾಗಿ ಎಳೆಯುತ್ತಿತ್ತು. ಪರದೆಯ ಹಿಂದಿನಿಂದ ಉಳಿಯ ಸದ್ದು ಕೇಳಿಸಿತು, ಇಷ್ಟು ದಿನ ಕೇಳಿದ್ದಕ್ಕಿಂತ ತುಂಬ ಸಣ್ಣ ಸದ್ದು. ನಿಂತಿತು. ಮತ್ತೆ ಕೇಳಿಸಿತು.

ಸ್ವಲ್ಪ ಹೊತ್ತಾದ ಮೇಲೆ ಅಜ್ಜಿ ಆಚೆ ಬಂದರು. "ಇನ್ನು ಬಿಡಪ್ಪ" ಅಂದರು. "ಹಾಲು ಕುಡೀಲಿ."